ಪದ ಬೇಕು: ತಾನೇ ಬೆಳಗುವ ಮಾಯದ ಅಂಟಿಗೆ ಏನೆನ್ನೋಣ?

ಎಲ್ಲರಿಗೂ ನಮಸ್ಕಾರ.

ಮಕ್ಕಳ ಕಾದಂಬರಿಯೊಂದನ್ನು ಇಂಗ್ಲಿಷಿನಿಂದ ಅನುವಾದಿಸುತ್ತಿದ್ದೇನೆ. ಸೋಮವಾರ ಮುಖಪುಟ ಅಚ್ಚಿಗೆ ಹೋಗುತ್ತದೆ. ಶೀರ್ಷಿಕೆಯಲ್ಲೇ ಬರಬೇಕಾದ ಪದ ಇನ್ನೂ ಸಿಕ್ಕಿಲ್ಲ. ಕಥೆಯ ಲೋಕದಲ್ಲಿ ಬಂಡೆಯ ಬಿರುಕಿನಿಂದ ಒಸರುವ ವಸ್ತುವೊಂದಿದೆ. ಜೇನಿನಂತೆ ಮಂದ, ನೀಲಿಹಸಿರು ಬಣ್ಣ, ಮುಟ್ಟಿದರೆ ತಣ್ಣಗೆ. ಕತ್ತಲಲ್ಲಿ ತಾನೇ ಬೆಳಗುತ್ತದೆ. ಹಚ್ಚಿದರೆ ಗಾಯ ಮಾಯುತ್ತದೆ. ಹತ್ತಿರದಲ್ಲಿ ಯಾರಾದರೂ ಸುಳ್ಳು ಹೇಳಿದರೆ ಬೆಳಕು ತಗ್ಗುತ್ತದೆ.

ಮೂಲ ಲೇಖಕರು ಬೆಳಕು, ರಾಳ ಎಂಬ ಅರ್ಥದ ಎರಡು ಮಾತುಗಳನ್ನು ಬೆಸೆದಿದ್ದಾರೆ. ನಾನು ಮಿನುಗು, ಅಂಟು ಸೇರಿಸಿ ‘ಮಿನುಗಂಟು’ ಎಂದೆ. ಓದಿದವರೆಲ್ಲ ಅದನ್ನು ‘ಮಿನು-ಗಂಟು’ ಎಂದು ಒಡೆದುಕೊಂಡು, ಇದು ಯಾವ ಗಂಟು ಎಂದು ಕೇಳುತ್ತಿದ್ದಾರೆ. ಮೂರು ನಾಲ್ಕು ಅಕ್ಷರದ ಪದ ಬೇಕು. ಮುಂದೆ ದೀಪ, ಗಣಿ, ಕಳ್ಳ ಯಾವುದು ಸೇರಿದರೂ ನಾಲಿಗೆ ತೊಡರಬಾರದು.

— ಹಾಸನದಿಂದ

‘ರಂಜಕ’ (ಫಾಸ್ಫರಸ್) ಇದೆಯಲ್ಲ, ಶಾಲೆಯ ಪುಸ್ತಕದಲ್ಲೇ ಇದೆ. ಇದ್ದ ಪದ ಬಿಟ್ಟು ಹೊಸದನ್ನು ಹುಟ್ಟಿಸುವ ಹಟ ಯಾಕೆ?

— ಬಳ್ಳಾರಿಯಿಂದ

ರಂಜಕ ಕೂಡದು. ಮಕ್ಕಳಿಗೆ ಆ ಪದ ಬರುವುದು ಗೊಬ್ಬರದ ಚೀಲದಿಂದ. 1669ರಲ್ಲಿ ಹ್ಯಾಂಬರ್ಗಿನ ಹೆನ್ನಿಗ್ ಬ್ರಾಂಡ್ ಮೂತ್ರವನ್ನು ಕಾಯಿಸಿ ಇಂಗಿಸಿ ಪಡೆದದ್ದು ಬಿಳಿ ರಂಜಕ. ಕತ್ತಲಲ್ಲಿ ಹೊಳೆಯುವುದು ನಿಜ. ಆದರೆ ಅದು ವಿಷ, ಚರ್ಮಕ್ಕೆ ತಗುಲಿದರೆ ಮಾಂಸ ಸುಡುತ್ತದೆ. ಗಾಯ ಮಾಯಿಸುವ ವಸ್ತುವಿಗೆ ಆ ಹೆಸರೇ?

ಮೊದಲು ಕ್ರಿಯಾಪದ ಸರಿಮಾಡಿಕೊಳ್ಳಿ. ತಿಕ್ಕಿದ ತಂಬಿಗೆ ಹೊಳೆಯುತ್ತದೆ, ಅದು ಪರರ ಬೆಳಕು. ದೀಪ ಬೆಳಗುತ್ತದೆ, ಆದರೆ ಪಾತ್ರೆಯನ್ನೂ ನಾವು ಬೆಳಗುತ್ತೇವೆ. ಉರಿಯುವುದಕ್ಕೆ ಕಾವು ಬೇಕು. ಬಿಳಿ, ಬೆಳ್ಳಿ, ಬೆಳದಿಂಗಳುಗಳ ‘ಬೆಳ್’ ಹಿಡಿದರೆ ‘ಬೆಳ್ಸೊನೆ’ ಆಗುತ್ತದೆ, ಆದರೆ ನಿಮ್ಮದು ನೀಲಿಹಸಿರು. ಉಳಿಯುವುದು ‘ಮಿನ್’. ಮಿಂಚು, ಮಿನುಗು, ಮಿಣುಕು ಎಲ್ಲವೂ ಅದರ ಮಕ್ಕಳು. ತಮಿಳಿನಲ್ಲಿ ನಕ್ಷತ್ರ ‘ವಿಣ್‌ಮೀನ್’, ಬಾನಿನಲ್ಲಿ ಮಿನುಗುವುದು. ಥಟ್ಟನೆ ಹೊಳೆದು ಮರೆಯಾಗುವುದು ಮಿಂಚಿನ ಗುಣ, ಮಿನ್ನಿನದಲ್ಲ.

ಇನ್ನು ‘ಅಂಟು’ ಬಿಡಿ. ಅಂಟು ಡಬ್ಬಿಯಲ್ಲಿ ಬರುತ್ತದೆ. ಒಸರುವುದಕ್ಕೆ ನಮ್ಮಲ್ಲಿ ಚೆಂದದ ಮಾತಿದೆ: ಸೊನೆ. ಮಾವಿನಕಾಯಿಯ ತೊಟ್ಟು ಮುರಿದಾಗ ಬರುತ್ತದಲ್ಲ, ಅದು. ತುಟಿಗೆ ತಾಗಿಸಿಕೊಂಡ ಯಾವ ಮಗುವೂ ಆ ಪದ ಮರೆಯುವುದಿಲ್ಲ. ಈಗ ಹಳಗನ್ನಡದ ವ್ಯಾಕರಣ ಬರೆದ ಕೇಶಿರಾಜನ ದಾರಿಯಲ್ಲಿ ನಡೆಯಿರಿ. ಇನ್ ಮತ್ತು ಸರ ಕೂಡಿ ಇಂಚರ. ಹಾಗೆಯೇ ಮಿನ್ ಮತ್ತು ಸೊನೆ ಕೂಡಿ ‘ಮಿಂಚೊನೆ’. ಮೂರೇ ಅಕ್ಷರ. ಮಿಂಚೊನೆಯ, ಮಿಂಚೊನೆಗೆ, ಮಿಂಚೊನೆಗಳ್ಳ. ಎಲ್ಲೂ ತೊಡರದು, ಅಚ್ಚಗನ್ನಡ.

— ಸಾಗರದಿಂದ

ಅಚ್ಚಗನ್ನಡ ಎಂದಿರಿ. ನೀವು ಮಾದರಿಗೆ ತಂದ ‘ಇಂಚರ’ದ ಸರ ಎಲ್ಲಿಂದ ಬಂತು? ಸಂಸ್ಕೃತದ ಸ್ವರದಿಂದ. ತತ್ಸಮ, ಅಂದರೆ ಇದ್ದಂತೆಯೇ ತಂದ ಸಂಸ್ಕೃತ ಪದ, ಬೇಡವೆಂದು ಕಾವ್ಯವನ್ನೇ ಬರೆದ ಹಳಗನ್ನಡ ಕವಿ ಆಂಡಯ್ಯನೂ ತದ್ಭವಗಳನ್ನು, ಅಂದರೆ ರೂಪ ಬದಲಿಸಿ ತಂದವನ್ನು, ಬಿಡಲಿಲ್ಲ. ಸಾಲದ ಲೆಕ್ಕ ತೆಗೆದರೆ ಅವನ ಮನೆಯಲ್ಲೂ ಸಾಲವಿದೆ.

ಹೊಸ ಪದಗಳಲ್ಲಿ ‘ಮಿನ್’ ಈಗ ವಿದ್ಯುತ್ತಿನ ಗುರುತು. ನಾವು ಈ ಪತ್ರಗಳನ್ನು ಕಳಿಸುತ್ತಿರುವುದೇ ಮಿಂಚಂಚೆಯಲ್ಲಿ (ಇಮೇಲ್). ತಮಿಳರದು ಮಿನ್ನಂಜಲ್, ವಿದ್ಯುತ್ತು ಅವರಿಗೆ ಮಿನ್ಸಾರಂ. ಮಿಂಚೊನೆ ಎಂದರೆ ಬ್ಯಾಟರಿಯೊಳಗಿನ ದ್ರವವೆಂದು ಮಗು ತಿಳಿದರೆ ತಪ್ಪು ಮಗುವಿನದಲ್ಲ.

ಇಂಥ ವಸ್ತುವಿನ ಕಲ್ಪನೆ ನಮಗೆ ಹೊಸದೂ ಅಲ್ಲ. ಹನುಮಂತ ಹುಡುಕಿ ಹೋದ ಓಷಧಿಗಳು ಹತ್ತೂ ದಿಕ್ಕುಗಳನ್ನು ಬೆಳಗುವಂಥವು; ಅವುಗಳಲ್ಲಿ ಒಂದು ಗಾಯ ಕೂಡಿಸುವ ಸಂಧಾನಕರಣಿ. ಕಾಳಿದಾಸನ ಹಿಮಾಲಯದಲ್ಲಿ ರಾತ್ರಿ ಬೆಳಗುವ ಗಿಡಗಳು ಎಣ್ಣೆ ಹೊಯ್ಯದ ದೀಪಗಳು. ಬೆಳಕೂ ಮದ್ದೂ ಒಂದೇ ವಸ್ತುವಿನಲ್ಲಿ ಆಗಲೇ ಕೂಡಿರುವಾಗ ‘ಜ್ಯೋತಿರಸ’ ಎನ್ನಲು ಏನು ಅಡ್ಡಿ? ಪಾದರಸ ಎನ್ನದ ಕನ್ನಡಿಗ ಯಾರು? (ಜ್ಯೋತಿಷ್ಮತಿ ಮಾತ್ರ ಬೇಡ. ಆ ಹೆಸರಿನ ನಿಜವಾದ ಬಳ್ಳಿಯಿದೆ, ಅದರ ಬೀಜದ ಎಣ್ಣೆ ಆಯುರ್ವೇದದಲ್ಲಿ ಬಳಕೆಯಲ್ಲಿದೆ.) ಕನ್ನಡವೇ ಬೇಕಾದರೆ ಮಿಣುಕುಹುಳದ ಜಾಡಿನಲ್ಲಿ ‘ಮಿಣುಕುಸೊನೆ’ ಎನ್ನಿ. ಕಾವಿಲ್ಲದ ಬೆಳಕು ಎಂದರೇನೆಂದು ಆ ಹುಳ ಮಕ್ಕಳಿಗೆ ಆಗಲೇ ಕಲಿಸಿದೆ.

— ಮೈಸೂರಿನಿಂದ

ಮಿಣುಕುವುದು ಎಣ್ಣೆ ತೀರಿದ ದೀಪ. ಜ್ಯೋತಿರಸ ಔಷಧದಂಗಡಿಯ ಸೀಸೆಯ ಹೆಸರು. ಸರ ತದ್ಭವವೆಂಬುದು ನನಗೂ ಗೊತ್ತು. ನಾನು ತೋರಿಸಿದ್ದು ಸಂಧಿಯನ್ನು, ವಂಶಾವಳಿಯನ್ನಲ್ಲ. ತದ್ಭವ ಎಂದರೆ ಕನ್ನಡದ ಬಾಯಿ ಅಗಿದು ತನ್ನದಾಗಿಸಿಕೊಂಡ ಮಾತು, ಅದಕ್ಕೆ ನನ್ನ ತಕರಾರಿಲ್ಲ. ಅಗಿಯದೆ ನುಂಗುವುದಕ್ಕೆ ತಕರಾರಿದೆ. ನಾವೇ ಕಟ್ಟಬಲ್ಲ ಪದಕ್ಕೂ ಸಂಸ್ಕೃತದ ಬಾಗಿಲು ತಟ್ಟುವ ಅಭ್ಯಾಸದಿಂದಲೇ ಸೊನೆಯಂಥ ಮಾತುಗಳು ಪುಸ್ತಕದ ಹೊರಗೆ ನಿಂತಿವೆ.

— ಸಾಗರದಿಂದ

ಎಲ್ಲರಿಗೂ ಕೃತಜ್ಞತೆಗಳು. ‘ಮಿಂಚೊನೆ’ಯನ್ನೇ ಆರಿಸಿಕೊಂಡೆ. ಮೈಸೂರಿನ ಹಿರಿಯರ ಆಕ್ಷೇಪಣೆ ತೂಕದ್ದು, ಆದರೆ ಈ ಕಥೆಯ ಲೋಕದಲ್ಲಿ ವಿದ್ಯುತ್ತೇ ಇಲ್ಲ. ಹಣತೆ, ಪಂಜು, ಚಂದ್ರ ಬಿಟ್ಟರೆ ಬೆಳಕಿಗೆ ಇದೊಂದೇ. ಅರ್ಥವಾಗದಿದ್ದರೆ ಎಂಬ ಭಯಕ್ಕೆ ಎರಡನೆಯ ಅಧ್ಯಾಯದಲ್ಲಿ ಅಜ್ಜಿಯ ಬಾಯಲ್ಲೇ ಹೇಳಿಸಿದ್ದೇನೆ: “ಮಿನುಗುವ ಸೊನೆ ಕಣೋ ಮಗು, ಅದಕ್ಕೇ ಮಿಂಚೊನೆ.” ಎಣ್ಣೆ ಹೊಯ್ಯದ ದೀಪ ಎಂಬ ಮಾತನ್ನೂ ಅದೇ ಅಜ್ಜಿಗೆ ಕೊಡುತ್ತೇನೆ, ಮೈಸೂರಿನವರು ಒಪ್ಪಿದರೆ.

ಇನ್ನೊಂದೇ ತೊಡಕು, ಇಂದು ರಾತ್ರಿಯೊಳಗೆ ಬೇಕು. ಸುಳ್ಳು ಕೇಳಿದಾಗ ಮಿಂಚೊನೆ ಏನಾಗುತ್ತದೆ? ‘ಆರಿತು’, ‘ನಂದಿತು’ ಎಂದರೆ ಪೂರ್ತಿ ಹೋದಂತೆ. ‘ಮಾಸಿತು’ ಎಂದರೆ ಬಟ್ಟೆಯ ನೆನಪು. ನಿಜ ಹೇಳಿದೊಡನೆ ಬೆಳಕು ಮರಳಬೇಕು. ‘ಕಂದಿತು’ ಎಂದು ಬರೆದಿದ್ದೇನೆ. ಮುಖ ಕಂದಿದಂತೆ ಬೆಳಕೂ ಕಂದಬಹುದೇ?

— ಹಾಸನದಿಂದ