ಒಂದೇ ಘಟನೆ, ಎರಡು ಪುಸ್ತಕ: ಕಾದಂಬರಿ ಮೊದಲಾ, ನಡೆದದ್ದನ್ನ ನಡೆದ ಹಾಗೆ ಬರೆಯೋದು ಮೊದಲಾ?

ಸಂಜೆ ಶಿಫ್ಟು:
ಕ್ರೈಂ ಬೀಟಲ್ಲಿ, ಅಂದ್ರೆ ಅಪರಾಧ ಸುದ್ದಿ ವರದಿ ಮಾಡ್ತಾ, 12 ವರ್ಷ ಆಯ್ತು. ಒಂದು ಕಾರ್ಖಾನೆ ಬೆಂಕಿ ಅನಾಹುತನ ಮೊದಲ ದಿನದಿಂದ ಕೋರ್ಟ್ ತೀರ್ಪಿನ ತನಕ ಕವರ್ ಮಾಡಿದ್ದೆ, 9 ನೋಟ್‌ಬುಕ್ ತುಂಬಿದೆ. ಕಾದಂಬರಿನೂ ಬರೀಬೇಕು, ನಿಜ ಘಟನೆ ಪುಸ್ತಕನೂ ಬರೀಬೇಕು. ಯಾವುದು ಮೊದಲು? ರಜೆ ಸಿಗೋದು 2 ತಿಂಗಳು ಮಾತ್ರ. ಎರಡೂ ಬರೆದೋರು ಹೇಳಿ ಪ್ಲೀಸ್.

ಹಳೇ ಬೈಲೈನ್:
ಕಾದಂಬರಿ ಮೊದಲು ಬರೆದು ಕೈ ಸುಟ್ಕೊಂಡೋನು ನಾನು, ಕೇಳಿ. 4 ವರ್ಷ, 7 ಡ್ರಾಫ್ಟ್, ಮೂರನೇದು ಪೂರ್ತಿ ಕಸದ ಬುಟ್ಟಿಗೆ. ಗಂಡನ್ನ ಕಳ್ಕೊಂಡ ಒಬ್ಬ ಹೆಂಗಸಿನ ಹೆಸರು, ವಯಸ್ಸು, ಕೆಲಸ ಎಲ್ಲಾ ಬದಲಾಯಿಸಿದ್ದೆ, ಕಿತ್ತೋದ ಚಪ್ಪಲಿಗೆ ಹಾಕಿದ್ದ ಸೇಫ್ಟಿ ಪಿನ್ ಒಂದನ್ನ ಮಾತ್ರ ಹಂಗೇ ಬಿಟ್ಟಿದ್ದೆ, ಅದು ಎಷ್ಟು ಚೆನ್ನಾಗಿ ಕೂತಿತ್ತು ಅಂದ್ರೆ ತೆಗೆಯೋಕೆ ಮನಸ್ಸೇ ಬರ್ಲಿಲ್ಲ. ಪುಸ್ತಕ ಬಂದ ಮೂರನೇ ವಾರ ಫೋನ್: "ಆ ಪಿನ್ನು ನಂದೇ ಅಲ್ವೇನಪ್ಪಾ?" ಅಷ್ಟೇ, ಇಟ್ಟುಬಿಟ್ರು. ಆಮೇಲೆ ನಿಜದ ಪುಸ್ತಕಕ್ಕೆ ಅಂತ ಹೋದ್ರೆ 31 ಜನರಲ್ಲಿ 11 ಜನ ಬಾಗಿಲೇ ತೆಗೀಲಿಲ್ಲ. ಅದೇ ಮೂಲಗಳನ್ನ ಮತ್ತೆ ಹಿಡಿಯೋಕೆ ಇನ್ನೆರಡು ವರ್ಷ. 600 ಪ್ರತಿ ಹಾಕಿಸಿದ್ದು, 240 ಇನ್ನೂ ಮಂಚದ ಕೆಳಗಿದೆ.

ಕರಡು ಕಣ್ಣು:
ನಾನು ಉಲ್ಟಾ ಮಾಡ್ದೆ, ಸುಖ ಏನಿಲ್ಲ. ನಿಜದ ಪುಸ್ತಕ ಮೊದಲು. ವಕೀಲರು 41 ಕಡೆ ಕೆಂಪು ಗೆರೆ ಹಾಕಿ ಕೊಟ್ರು, 38 ಪುಟದ ಒಂದು ಅಧ್ಯಾಯನೇ ಹೋಯ್ತು, ಉಳಿದಿದ್ದಕ್ಕೆ ದಾಖಲೆ ಹೊಂದಿಸೋಕೆ 5 ತಿಂಗಳು. ಅದು ಮುಗಿಸಿ ಕಾದಂಬರಿಗೆ ಕೂತ್ರೆ ಪಾತ್ರಗಳು ಬಾಯಿ ಬಿಟ್ರೆ ಪೊಲೀಸರ ಮುಂದೆ ಹೇಳಿಕೆ ಕೊಟ್ಟಂಗೆ ಮಾತಾಡ್ತವೆ! ಎರಡು ವರ್ಷ ಮುಟ್ಟಲೇ ಇಲ್ಲ. ಮತ್ತೆ ಬೈಲೈನ್ ಅವ್ರೇ, ನಿಮ್ಮದು ಕಾದಂಬರಿ ತಪ್ಪಲ್ಲ, ಅವಸರ. ಕೊಲಂಬಿಯಾದ ಪತ್ರಕರ್ತ, ಕಾದಂಬರಿಕಾರ ಮಾರ್ಕ್ವೆಸ್ 1951ರಲ್ಲಿ ನಡೆದ ಕೊಲೆನ ಕಾದಂಬರಿ ಮಾಡಿ ತಂದಿದ್ದು 1981ರಲ್ಲಿ. ಸತ್ತವನ ತಾಯಿ ಬದುಕಿರೋ ತನಕ ಬೇಡ ಅಂತ ಮಾರ್ಕ್ವೆಸ್‌ನ ಅಮ್ಮನೇ ತಡೆದಿದ್ರು.

ಹಳೇ ಬೈಲೈನ್:
30 ವರ್ಷ ಕಾಯೋಕೆ ನಾನೇನು ಮಾರ್ಕ್ವೆಸ್ಸಾ ಮೇಡಂ? ನಿಜದ ಕಥೆಲೂ ಅವನಿಗೆ ಕಿರಿಕಿರಿ ತಪ್ಪಿರಲಿಲ್ಲ. 1955ರಲ್ಲಿ ಸಮುದ್ರಕ್ಕೆ ಬಿದ್ದು 10 ದಿನ ಬದುಕುಳಿದ ನಾವಿಕನ ಕಥೆನ 14 ಕಂತಲ್ಲಿ ಬರೆದ, 1970ರಲ್ಲಿ ಪುಸ್ತಕ ಆದಾಗ ಗೌರವಧನನೂ ಆ ನಾವಿಕನಿಗೇ ಬಿಟ್ಟ, ಕೊನೆಗೆ ಆ ನಾವಿಕನೇ ಹಕ್ಕು ಕೇಳಿ ಕೋರ್ಟಿಗೆ ಹೋದ.

ಡೆಸ್ಕ್‌ನೋನು:
ಎರಡೆರಡು ಪುಸ್ತಕ ಯಾಕ್ರೀ? ನಾನು ಎರಡೂ ಸೇರಿಸಿ ಒಂದೇ ಮಾಡಿದೀನಿ, 14 ತಿಂಗಳಲ್ಲಿ ಮುಗೀತು. ಮೂರು ಜನ ಸಾಕ್ಷಿಗಳನ್ನ ಒಬ್ಬನ್ನ ಮಾಡ್ದೆ, ನೆನಪಿಲ್ಲದ ಮಾತನ್ನ ನಾನೇ ತುಂಬಿಸಿದೆ. ಯಾರೂ ಕೇಳಿಲ್ಲ.

ಕರಡು ಕಣ್ಣು:
ಯಾರೂ ಓದಿಲ್ಲ ಅನ್ನಿ. ಅದನ್ನ ನಿಜ ಘಟನೆ ಅಂತ ಮಾರಿದ್ರಾ? ಅಮೆರಿಕದ ಪತ್ರಕರ್ತ ಜಾನ್ ಹರ್ಸಿ ಕಾದಂಬರಿಗೆ 1945ರಲ್ಲಿ ಪುಲಿಟ್ಜರ್ ತಗೊಂಡೋನು, ಮಾರನೇ ವರ್ಷ ಹಿರೋಶಿಮಾದಲ್ಲಿ ಬದುಕುಳಿದ 6 ಜನರ ಮೇಲೆ ಬರೆದ. ಪತ್ರಕರ್ತ ಏನನ್ನೂ ಹುಟ್ಟಿಸಬಾರದು ಅಂತ 1980ರಲ್ಲಿ ಪ್ರಬಂಧನೇ ಬರೆದಿದಾನೆ.

ಡೆಸ್ಕ್‌ನೋನು:
ಅದೇ ಹರ್ಸಿ 1944ರಲ್ಲಿ 43 ಸೈನಿಕರನ್ನ ಮಾತಾಡಿಸಿ, ಎಲ್ಲರನ್ನೂ ಸೇರಿಸಿ ಜೋ ಅನ್ನೋ ಒಬ್ಬನ್ನ ಮಾಡಿದ್ದ, ಅದನ್ಯಾಕೆ ಹೇಳಲ್ಲ? ರಾಬಿನ್ಸನ್ ಕ್ರೂಸೋ ಬರೆದ ಡೆಫೋ 1722ರಲ್ಲಿ ಲಂಡನ್ ಪ್ಲೇಗಿನ ದಿನಚರಿ ಅಂತ ಕಣ್ಣಾರೆ ಕಂಡಂಗೆ ಬರೆದ, ಪ್ಲೇಗ್ ಬಂದಾಗ ಅವನಿಗೆ ಐದಾರು ವರ್ಷ.

ಹಳೇ ಬೈಲೈನ್:
ಡೆಫೋ ಹೆಸರಲ್ಲಿ ಎಲ್ಲಾ ಕಳ್ಳತನನೂ ನಡೆಯುತ್ತೆ ಬಿಡಿ. ನೀವು ಒಂದು ದಿನ ಫೀಲ್ಡಿಗೆ ಇಳಿದಿದ್ರೆ ಮೂರು ಜನ ಸಾಕ್ಷಿಗಳನ್ನ ಒಬ್ಬನ್ನ ಮಾಡ್ತಿರಲಿಲ್ಲ. ಎಸಿ ಕೆಳಗೆ ಕೂತು ಹೆಡ್ಡಿಂಗ್ ಕೊಟ್ಟೋರಿಗೆ ಏನು ಗೊತ್ತು.

ಡೆಸ್ಕ್‌ನೋನು:
ನಿಮ್ಮಂಥ ಫೀಲ್ಡ್‌ನೋರ ವರದಿ ಕಾಪಿನ ರಾತ್ರಿ 1 ಗಂಟೆಗೆ ನೆಟ್ಟಗೆ ಮಾಡಿದ್ದು ಈ ಡೆಸ್ಕೇ. ಇಂಟ್ರೋದಲ್ಲೇ, ಅಂದ್ರೆ ಸುದ್ದಿಯ ಮೊದಲ ಸಾಲುಗಳಲ್ಲೇ, ಮೂರು ತಪ್ಪು ಇರೋದು.

ಸಂಜೆ ಶಿಫ್ಟು:
ಸರ್, ಮೇಡಂ, ನನ್ನ 2 ತಿಂಗಳ ರಜೆ ವಿಷಯ...

ಕರಡು ಕಣ್ಣು:
ನೋಟ್‌ಬುಕ್ ಟೈಪ್ ಮಾಡೋಕೇ 2 ತಿಂಗಳು ಸಾಲಲ್ಲ. ನನ್ನವು 6 ಇದ್ವು, 11 ವಾರ ಹಿಡೀತು. ಒಂದಂತೂ ಮಳೇಲಿ ನೆಂದು ಇಂಕೆಲ್ಲಾ ಹರಡಿತ್ತು, ಲೆನ್ಸ್ ಹಿಡ್ಕೊಂಡು ಓದ್ದೆ.

ಡೆಸ್ಕ್‌ನೋನು:
ಬೈಲೈನ್ ಅವ್ರೇ, ಮೊದಲು ಮಂಚದ ಕೆಳಗಿನ 240 ಖಾಲಿ ಮಾಡಿ, ಆಮೇಲೆ ಪಾಠ ಹೇಳಿ.

ಹಳೇ ಬೈಲೈನ್:
238. ಹೋದ ತಿಂಗಳು ಆ ಪಿನ್ನಿನ ಅಮ್ಮನೇ ಬಂದು ಎರಡು ತಗೊಂಡು ಹೋದ್ರು. ಒಂದು ಅವರ ಮಗಳಿಗಂತೆ.