ನಂಬರು ಸಿಕ್ಕರೆ ನಂಬರು ಸಿಗುತ್ತದೆ

“ಎರಡೇ ನಿಮಿಷದ ಕೆಲಸ” ಎಂದ ಸೀನ.

ಮೇಷ್ಟ್ರು ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸತೊಡಗಿದರು. ಸೀನ ಈ ಮಾತು ಆಡಿದಾಗಲೆಲ್ಲ ಅವರು ಹೀಗೆ ಸಾವಕಾಶವಾಗಿ ಗೋಡೆಗೊರಗುವುದು ರೂಢಿ.

“ಯಾರ ಲೆಕ್ಕದ ಎರಡು ನಿಮಿಷವಪ್ಪಾ? ನಿನ್ನದೋ, ಬ್ರಹ್ಮನದೋ?”

“ತಮಾಷೆ ಬೇಡ ಮೇಷ್ಟ್ರೇ. ಶಾಮಣ್ಣನವರ ಆಧಾರ್ ಕಾರ್ಡ್ ಕಳೆದಿದೆ, ನಂಬರೂ ನೆನಪಿಲ್ಲ. ಇಷ್ಟೇ ತಾನೇ? ಕಳೆದ ನಂಬರು ಹುಡುಕಿಕೊಡುವುದಕ್ಕೆಂದೇ ಅವರ ಜಾಲತಾಣದಲ್ಲಿ ಏರ್ಪಾಡಿದೆ. ಹೆಸರು ಹಾಕಬೇಕು, ಮೊಬೈಲ್ ನಂಬರು ಹಾಕಬೇಕು. ಒಟಿಪಿ ಬರುತ್ತದೆ. ಅದನ್ನು ಒತ್ತಿದರೆ ಆಧಾರ್ ನಂಬರು ಮೊಬೈಲಿಗೇ ಬಂದು ಬೀಳುತ್ತದೆ.”

“ಬೀಳಲಿ” ಎಂದರು ವಕೀಲರು, ಪತ್ರಿಕೆಯಿಂದ ತಲೆ ಎತ್ತದೆ.

ಶಾಮಣ್ಣನಿಗೆ ತುರ್ತಿತ್ತು. ಪಿಂಚಣಿ ನಿಲ್ಲಬಾರದೆಂದರೆ ತಾನಿನ್ನೂ ಬದುಕಿದ್ದೇನೆಂದು ವರ್ಷಕ್ಕೊಮ್ಮೆ ಒಪ್ಪಿಸಬೇಕು. ಡಿಜಿಟಲ್ ಜೀವನ ಪ್ರಮಾಣಪತ್ರ ಎಂದು ಅದಕ್ಕೆ ಹೆಸರು. ಅದಕ್ಕೆ ಆಧಾರ್ ಬೇಕು. ಎದುರಿಗೆ ಹೋಗಿ ನಿಂತು ಕೆಮ್ಮಿದರೆ ಸಾಲದೇ ಎಂದು ಶಾಮಣ್ಣ ಕೇಳಿದ್ದಕ್ಕೆ, ಕೆಮ್ಮನ್ನು ಅಪ್‌ಲೋಡ್ ಮಾಡಲು ಬರುವುದಿಲ್ಲ ಎಂದು ಮೇಷ್ಟ್ರು ಮೊದಲೇ ತೀರ್ಪು ಕೊಟ್ಟಿದ್ದರು.

“ಹೆಸರು ಹೇಳಿ” ಎಂದ ಸೀನ, ಹೆಬ್ಬೆರಳು ಸಿದ್ಧ ಮಾಡಿಕೊಂಡು.

“ಶಾಮಣ್ಣ.”

“ಅದು ಗೊತ್ತು. ಇಂಗ್ಲಿಷಿನಲ್ಲಿ ಹೇಗಿದೆ? ಎಸ್, ಎಚ್, ಎ ಎಂದೋ, ಎಸ್, ಎಚ್, ವೈ, ಎ ಎಂದೋ? ಎನ್ ಒಂದೋ ಎರಡೋ? ಇನಿಷಿಯಲ್ ಮುಂದಿದೆಯೋ ಹಿಂದಿದೆಯೋ? ಕಾರ್ಡಿನಲ್ಲಿ ಇರುವ ಹಾಗೆಯೇ ಹಾಕಬೇಕು.”

“ಹಾಗಾದರೆ ಕಾರ್ಡು ನೋಡಿಯೇ ಹಾಕು.”

“ಕಾರ್ಡ್ ಎಲ್ಲಿ?”

“ಅದೇ ಕಳೆದಿರುವುದಲ್ಲವೇ?”

“ಒಂದು ನಿಮಿಷ ಆಯಿತು” ಎಂದರು ಮೇಷ್ಟ್ರು. “ನೋಂದಣಿಯ ದಿನ ಲ್ಯಾಪ್‌ಟಾಪ್ ಮುಂದೆ ಕೂತಿದ್ದ ಹುಡುಗನಿಗೆ ಹಸಿವಾಗಿತ್ತೋ ಇಲ್ಲವೋ ಎಂಬುದರ ಮೇಲೆ ನಮ್ಮ ಹೆಸರು ನಿಂತಿದೆ. ಊಟದ ಹೊತ್ತಿಗೆ ಸಿಕ್ಕವರ ಹೆಸರಿನಲ್ಲೆಲ್ಲ ಒಂದೊಂದು ಅಕ್ಷರ ಕಡಿಮೆ.”

“ನನ್ನ ಪಡಿತರ ಚೀಟಿಯಲ್ಲಿ ಸಾಮಣ್ಣ ಎಂದಿದೆ” ಎಂದು ಶಾಮಣ್ಣ ಒಪ್ಪಿಕೊಂಡ.

“ಮತದಾರರ ಪಟ್ಟಿಯಲ್ಲಿ?”

“ಅಲ್ಲಿ ಶಾಮಣ್ಣ ಎಂದೇ ಇದೆ. ಲಿಂಗ ಮಾತ್ರ ಹೆಣ್ಣು.”

“ಮತ ಹಾಕಲು ಬಿಡುತ್ತಾರೆಯೇ?”

“ಮುಖ ನೋಡಿ ಬಿಡುತ್ತಾರೆ.”

“ಅಂತೂ ಐದು ವರ್ಷಕ್ಕೊಮ್ಮೆಯಾದರೂ ನಿನ್ನ ಮುಖ ನೋಡುವವರಿದ್ದಾರೆ.”

ವಕೀಲರು ಪತ್ರಿಕೆ ಮಡಿಸಿದರು. ಕಾನೂನಿನ ವಾಸನೆ ಬಂದರೆ ಅವರಿಗೆ ಸುಮ್ಮನಿರಲಾಗುವುದಿಲ್ಲ. “ಪ್ಯಾನ್ ಇದೆಯೇ ಶಾಮಣ್ಣನವರೇ? ಆಧಾರಿಗೆ ಜೋಡಣೆಯಾಗಿದೆಯೇ?”

“ಆಗಿದೆ. ಗಡುವು ದಾಟಿತೆಂದು 1,000 ರೂಪಾಯಿ ಕಟ್ಟಿಸಿಕೊಂಡು ಜೋಡಿಸಿದರು.”

“ಹಾಗಿದ್ದರೆ ಎರಡರಲ್ಲೂ ಹೆಸರು ಹೊಂದಿರಲೇಬೇಕು. ಪ್ಯಾನ್ ತನ್ನಿ, ಅದರಲ್ಲಿರುವ ಹಾಗೆಯೇ ಹಾಕೋಣ.”

ಶಾಮಣ್ಣ ಮನೆಗೆ ಹೋಗಿ ಜವಳಿ ಅಂಗಡಿಯ ಹಳೆಯ ಪ್ಲಾಸ್ಟಿಕ್ ಚೀಲವೊಂದನ್ನು ತಂದು ಜಗುಲಿಯ ಮೇಲೆ ಸುರಿದ. ವಿಮೆಯ ಬಾಂಡು, ಗ್ಯಾಸಿನ ಪುಸ್ತಕ, ಮೊಮ್ಮಗಳ ಲಸಿಕೆ ಕಾರ್ಡು, ರಬ್ಬರ್ ಬ್ಯಾಂಡ್ ಕರಗಿ ಅಂಟಿಕೊಂಡ ವಿದ್ಯುತ್ ಬಿಲ್ಲುಗಳು, ಒಂದೇ ಮುಖದ ಏಳೆಂಟು ಪಾಸ್‌ಪೋರ್ಟ್ ಅಳತೆಯ ಫೋಟೋಗಳು. ಒಂದೊಂದರಲ್ಲಿ ಒಂದಿಷ್ಟು ಕೂದಲು ಕಡಿಮೆ. ತಳದಲ್ಲಿ ಪ್ಯಾನ್ ಸಿಕ್ಕಿತು.

“ನಾಲ್ಕನೆಯ ಅಕ್ಷರ ನೋಡಿ” ಎಂದು ವಕೀಲರು ಪಾಠಕ್ಕೆ ಇಳಿದರು. “ಪಿ ಎಂದಿದ್ದರೆ ವ್ಯಕ್ತಿ, ಸಿ ಎಂದರೆ ಕಂಪನಿ, ಎಚ್ ಎಂದರೆ ಹಿಂದೂ ಅವಿಭಕ್ತ ಕುಟುಂಬ, ಟಿ ಎಂದರೆ ಟ್ರಸ್ಟ್.”

“ನಿನ್ನದು ಪಿ ಇದೆ ಶಾಮಣ್ಣ” ಎಂದರು ಮೇಷ್ಟ್ರು. “ನೀನೂ ಒಬ್ಬ ವ್ಯಕ್ತಿ ಎಂದು ಸರ್ಕಾರ ಒಪ್ಪಿದೆ. ಮನೆಯಲ್ಲಿ ಒಪ್ಪುವುದು ಬಾಕಿ.”

“ಐದನೆಯದು ಅಡ್ಡಹೆಸರಿನ ಮೊದಲ ಅಕ್ಷರ.”

“ನಮಗೆಲ್ಲಿಯ ಅಡ್ಡಹೆಸರು ವಕೀಲರೇ? ನಮಗಿರುವುದು ಒಂದು ಊರು, ಒಬ್ಬ ಅಪ್ಪ. ಅವೆರಡನ್ನೂ ಹೆಸರಿನ ಮುಂದೆ ಚುಕ್ಕಿ ಇಟ್ಟು ಕೂರಿಸಿಕೊಂಡಿದ್ದೆವು. ಚುಕ್ಕಿ ಬಿಡಿಸಿ ಬರೆಯಿರಿ ಎಂದಾಗ ಅಪ್ಪ ಕೊನೆಗೆ ಹೋಗಿ ನಿಂತ, ಊರು ಎಲ್ಲೋ ಬಿದ್ದುಹೋಯಿತು.”

“ಕಾರ್ಡೇ ಕಳೆದುಹೋಯಿತೆಂದು ಇನ್ನೊಂದು ಪ್ಯಾನಿಗೆ ಅರ್ಜಿ ಹಾಕಿಬಿಡಬೇಡಿ ಮತ್ತೆ” ಎಂದು ವಕೀಲರು ಎಚ್ಚರಿಸಿದರು. “ಹಳೆಯ ನಂಬರಿನದೇ ಪ್ರತಿ ಕೇಳಬೇಕು. ಎರಡು ಪ್ಯಾನ್ ಇಟ್ಟುಕೊಂಡರೆ 10,000 ರೂಪಾಯಿ ದಂಡ.”

“ಒಂದನ್ನೇ ಇಟ್ಟುಕೊಳ್ಳಲಾಗದವನಿಗೆ ಎರಡಿಟ್ಟುಕೊಳ್ಳುವ ಭಯವೇ?”

ಅಷ್ಟರಲ್ಲಿ ಶಾಮಣ್ಣ ಕೂಗಿದ. ಚೀಲದಿಂದ ಜಾರಿದ ಕಿರು ಡೈರಿಯ ಕೊನೆಯ ಪುಟದಲ್ಲಿ ಹನ್ನೆರಡು ಅಂಕಿಗಳು, ಅವನದೇ ದುಂಡಗಿನ ಅಕ್ಷರದಲ್ಲಿ! ಏನಿದು ಎಂದು ಪಕ್ಕದಲ್ಲಿ ಬರೆದಿಲ್ಲ, ಆದರೆ ಕೆಳಗೆ ಎರಡು ಗೆರೆ ಎಳೆದಿದೆ. ಅಷ್ಟು ಮುಖ್ಯವಾದದ್ದು ಇನ್ನೇನಿರಲು ಸಾಧ್ಯ?

ಸೀನ ಎಣಿಸಿ ನೋಡಿ ತಲೆಯಾಡಿಸಿದ. “ಇದು ಒಂದರಿಂದ ಶುರುವಾಗಿದೆ. ಆಧಾರ್ ಸೊನ್ನೆಯಿಂದಲೂ ಒಂದರಿಂದಲೂ ಶುರುವಾಗುವುದಿಲ್ಲ. ಇದು ನಿಮ್ಮ ಭವಿಷ್ಯನಿಧಿಯ ಯುಎಎನ್ ಇರಬೇಕು. 2014ರಲ್ಲಿ ಎಲ್ಲರಿಗೂ ಕೊಟ್ಟರಲ್ಲ, ಅದು.”

“ಅಯ್ಯೋ, ಇದನ್ನು ಹುಡುಕಿಕೊಂಡು ಎಷ್ಟು ಅಲೆದಿದ್ದೆ!” ಎಂದ ಶಾಮಣ್ಣ. “ಆಗ ಇದಿರಲಿಲ್ಲ, ಆಧಾರ್ ಇತ್ತು.”

“ಭವಿಷ್ಯನಿಧಿಯದೂ 12 ಅಂಕಿ, ಆಧಾರೂ 12, ಇ–ಶ್ರಮ್ ಚೀಟಿಯದೂ 12, ಈಗ ಶಾಲೆಯ ಮಕ್ಕಳಿಗೆ ಕೊಡುತ್ತಿರುವ ಅಪಾರ್ ಸಂಖ್ಯೆಯೂ 12” ಎಂದು ವಕೀಲರು ಬೆರಳು ಮಡಿಸಿದರು.

“ಹನ್ನೆರಡರ ಮಹಿಮೆ ಹಳೆಯದು” ಎಂದರು ಮೇಷ್ಟ್ರು. “ಪಾಂಡವರಿಗೆ ಹನ್ನೆರಡು ವರ್ಷ ವನವಾಸ, ಮೇಲೊಂದು ವರ್ಷ ಅಜ್ಞಾತವಾಸ. ಗುರುತು ಸಿಕ್ಕಿದರೆ ಮತ್ತೆ ಹನ್ನೆರಡು ವರ್ಷ ಕಾಡಿಗೆ. ನಮ್ಮದು ತಿರುಗುಮುರುಗು. ಗುರುತು ಸಿಗದಿದ್ದರೆ ವನವಾಸ.”

“ನೋಂದಣಿಯ ಸ್ವೀಕೃತಿ ಚೀಟಿ ಇದ್ದರೂ ಸಾಕಿತ್ತು” ಎಂದ ಸೀನ. ಅವನ ಉತ್ಸಾಹ ಕುಗ್ಗುವ ಜಾತಿಯದಲ್ಲ. “ಅದರಲ್ಲಿ 14 ಅಂಕಿಯ ನೋಂದಣಿ ಸಂಖ್ಯೆ ಇರುತ್ತದೆ. ಜೊತೆಗೆ ನೋಂದಣಿಯಾದ ದಿನಾಂಕ, ಗಂಟೆ, ನಿಮಿಷ, ಸೆಕೆಂಡು. ಎಲ್ಲ ಸೇರಿ 28 ಅಂಕಿ.”

“ಹನ್ನೆರಡನ್ನು ಕಳೆದವನು ಇಪ್ಪತ್ತೆಂಟನ್ನು ಹಿಡಿದುಕೊಂಡು ಬರಬೇಕು, ಸರಿ. ಆದರೆ ಒಂದು ಮಾತು ಸೀನ. ಇವನು ಹುಟ್ಟಿದ ಗಳಿಗೆ ಇವನ ಅಪ್ಪನಿಗೇ ಗೊತ್ತಿರಲಿಲ್ಲ. ಶಾಲೆಗೆ ಸೇರಿಸುವಾಗ ಜೂನ್ 1 ಎಂದು ಬರೆದರು. ಜಾತಕ ಬರೆಸಲಾಗದೆ ಮದುವೆಯೇ ತಡವಾಯಿತು. ಅಂಥವನು ನಂಬರಾಗಿ ಹುಟ್ಟಿದ ಸೆಕೆಂಡನ್ನು ಸರ್ಕಾರ ಬರೆದಿಟ್ಟಿದೆ ಎಂದರೆ ಸಣ್ಣ ವಿಷಯವಲ್ಲ. ಇನ್ನು ಮೇಲೆ ಅದರಿಂದಲೇ ಜಾತಕ ಬರೆಸಬಹುದು.”

ನಂಬರು ಪೂರ್ತಿ ಮರೆತಿಲ್ಲ, ಕೊನೆಯ ನಾಲ್ಕು ಅಂಕಿ ಬಾಯಿಪಾಠವಿದೆ ಎಂದು ಶಾಮಣ್ಣ ಹೆಮ್ಮೆಯಿಂದ ಹೇಳಿದ. ಬ್ಯಾಂಕಿನ ಕಾಗದ ತೆಗೆದ. ಎಂಟು ಎಕ್ಸ್ ಗುರುತು, ಆಮೇಲೆ ನಾಲ್ಕು ಅಂಕಿ. ಇನ್ನೊಂದು ಕಾಗದ ತೆಗೆದ. ಅಲ್ಲೂ ಹಾಗೆಯೇ, ಅವೇ ನಾಲ್ಕು.

“ಅದು ಸುರಕ್ಷತೆಗಾಗಿ” ಎಂದ ಸೀನ. “ಪೂರ್ತಿ ನಂಬರು ಕಂಡವರ ಕೈಗೆ ಸಿಗಬಾರದಲ್ಲ.”

“ಕಂಡವರ ಕೈಗೆ ಸಿಗಬಾರದೇ?” ಮೇಷ್ಟ್ರು ನೆಟ್ಟಗೆ ಕೂತರು. “ಇವನು ಸಿಮ್ ಕೊಂಡ ಅಂಗಡಿಯಲ್ಲಿ ಇವನ ಆಧಾರ್ ಜೆರಾಕ್ಸ್ ಇದೆ. ತೀರ್ಥಯಾತ್ರೆಗೆ ಹೋದಾಗ ಇಳಿದುಕೊಂಡ ವಸತಿಗೃಹಗಳಲ್ಲಿ ಇದೆ. ಮಗಳ ಮದುವೆಯ ಕಲ್ಯಾಣಮಂಟಪದಲ್ಲಿ ಇದೆ. ಅಡಮಾನದ ಅಂಗಡಿಯಲ್ಲಿ ಎರಡು ಕಡೆಯದೂ ಇದೆ, ಸಹಿ ಸಮೇತ. ಜೆರಾಕ್ಸ್ ಅಂಗಡಿಯವನ ಯಂತ್ರದೊಳಗೆ ಸಿಕ್ಕಿಕೊಂಡದ್ದು ಅವನ ಕಸದ ಬುಟ್ಟಿಯಲ್ಲಿದೆ. ಇವನೊಬ್ಬನ ಹತ್ತಿರ ಮಾತ್ರ ಇಲ್ಲ. ಸುರಕ್ಷತೆ ಎಂದರೆ ಇದೇ ಇರಬೇಕು.”

“1947ಕ್ಕೆ ಫೋನ್ ಮಾಡಿದರೆ ಹೇಗೆ?” ಎಂದರು ವಕೀಲರು. “ಅದು ಆಧಾರ್ ಸಹಾಯವಾಣಿ. ವಿವರಗಳೆಲ್ಲ ಹೊಂದಿದರೆ ನೋಂದಣಿ ಸಂಖ್ಯೆ ಹೇಳುತ್ತಾರೆ, ಆ ಸಂಖ್ಯೆಯಿಂದ ಆಧಾರ್ ಸಂಖ್ಯೆ.”

“ಸ್ವಾತಂತ್ರ್ಯ ಬಂದ ವರ್ಷ” ಎಂದ ಶಾಮಣ್ಣ. “ಮರೆಯುವಂತೆಯೇ ಇಲ್ಲ.”

“ಚುನಾವಣೆಯವರದು 1950, ಗಣರಾಜ್ಯವಾದ ವರ್ಷ. ನೋಡಿದಿರಾ ಇವರ ಜಾಣತನ? ನೆನಪಿನಲ್ಲಿ ಉಳಿಯುವ ನಂಬರುಗಳನ್ನೆಲ್ಲ ತಾವು ಇಟ್ಟುಕೊಂಡು, ಉಳಿದದ್ದನ್ನು ನಮಗೆ ಹಂಚಿದ್ದಾರೆ.”

ಸೀನ ಇದಾವುದಕ್ಕೂ ಕಿವಿಗೊಡದೆ ಪ್ಯಾನಿನಲ್ಲಿದ್ದ ಹೆಸರನ್ನು ಹಾಕಿ ಮುಗಿಸಿದ್ದ. “ಈಗ ಮೊಬೈಲ್ ನಂಬರು. ಆಧಾರಿಗೆ ಕೊಟ್ಟದ್ದೇ ಆಗಬೇಕು.”

ಶಾಮಣ್ಣನ ಮುಖ ಚಿಕ್ಕದಾಯಿತು. ಆಧಾರಿಗೆ ಕೊಟ್ಟದ್ದು ಹಳೆಯ ನಂಬರು. ರೀಚಾರ್ಜ್ ಮಾಡಿಸದೆ ಬಿಟ್ಟ ಮೇಲೆ ಅದು ಸತ್ತಿತು. ಸತ್ತ ನಂಬರನ್ನು ಕಂಪನಿಯವರು ಕನಿಷ್ಠ 90 ದಿನ ಸುಮ್ಮನೆ ಇಟ್ಟು ಆಮೇಲೆ ಬೇರೆಯವರಿಗೆ ಕೊಡಬಹುದು. ಹಾಗೆಯೇ ಕೊಟ್ಟರು. ಈಗ ಅದು ಸಿಂಧನೂರಿನ ಕಡೆಯ ಒಬ್ಬ ಭತ್ತದ ವ್ಯಾಪಾರಿಯ ಹತ್ತಿರವಿದೆ.

“ನಿನಗೆ ಹೇಗೆ ಗೊತ್ತು?”

“ಅವರೇ ಹುಡುಕಿಕೊಂಡು ಫೋನ್ ಮಾಡಿದ್ದರು. ನನ್ನ ಸಂದೇಶಗಳೆಲ್ಲ ಅವರಿಗೇ ಹೋಗುತ್ತವಂತೆ. ಬಹಳ ಒಳ್ಳೆಯವರು. ಪಿಂಚಣಿ ಜಮೆಯಾದ ದಿನ ತಿಳಿಸುತ್ತಾರೆ. ಕಂತು ಕಟ್ಟಲು ಮರೆತರೆ ಬೈಯುತ್ತಾರೆ. ಹಿರಿಯರೇ, ಸಕ್ಕರೆಯ ಪರೀಕ್ಷೆಗೆ ನಾಳೆ ಹತ್ತು ಗಂಟೆಗೆ ಹೋಗಬೇಕಂತೆ, ಖಾಲಿ ಹೊಟ್ಟೆಯಲ್ಲಿ ಎಂದು ಹಿಂದಿನ ರಾತ್ರಿಯೇ ಎಚ್ಚರಿಸಿದ್ದರು.”

“ನಿನ್ನ ಮಗ ಇಷ್ಟು ವಿಚಾರಿಸುತ್ತಾನೆಯೇ?”

“ಅವನು ದೂರದಲ್ಲಿದ್ದಾನಲ್ಲ” ಎಂದ ಶಾಮಣ್ಣ.

“ನಂಬರನ್ನು ಬದಲಾಯಿಸಿಕೊಳ್ಳಬೇಕಿತ್ತು ಶಾಮಣ್ಣನವರೇ” ಎಂದ ಸೀನ. “ಕೇಂದ್ರಕ್ಕೆ ಹೋಗಿ ಹೆಬ್ಬೆಟ್ಟು ಕೊಟ್ಟರೆ ಆಯಿತು.”

“ಹೋಗಿದ್ದೆ. ಹೆಬ್ಬೆಟ್ಟು ಹೊಂದಲಿಲ್ಲ. ಅಚ್ಚುಮೊಳೆ ಜೋಡಿಸಿ ಜೋಡಿಸಿ ಗೆರೆಗಳು ಸವೆದಿವೆಯಂತೆ. ಇನ್ನೊಂದು ದಿನ ಬನ್ನಿ, ಕಣ್ಣಿನದು ನೋಡೋಣ ಎಂದರು. ಇನ್ನೊಂದು ದಿನ ಕರೆಂಟಿರಲಿಲ್ಲ.”

ಲಲಿತಮ್ಮ ಇಷ್ಟು ಹೊತ್ತು ಬಾಗಿಲಲ್ಲಿ ನಿಂತು ಹೂ ಕಟ್ಟುತ್ತಿದ್ದರು. “ನಾನಂತೂ ಬದಲಾಯಿಸುವ ಗೋಜಿಗೇ ಹೋಗಿಲ್ಲ” ಎಂದರು. “ಬ್ಯಾಂಕು, ಗ್ಯಾಸು, ಆಧಾರು, ಎಲ್ಲ ಇವರ ನಂಬರಿನಲ್ಲೇ ಇದೆ. ಇವರು ಹೋದ ಮೇಲೂ ಆ ಸಿಮ್ಮಿಗೆ ರೀಚಾರ್ಜ್ ಮಾಡಿಸುತ್ತಲೇ ಇದ್ದೇನೆ.”

“ಎರಡೇ ನಿಮಿಷ ಲಲಿತಮ್ಮ, ನಾನೇ ಕರೆದುಕೊಂಡು ಹೋಗುತ್ತೇನೆ” ಎಂದ ಸೀನ.

“ಗೊತ್ತಪ್ಪಾ. ಮಗಳೂ ಹೇಳುತ್ತಾಳೆ. ಆದರೆ ಅವರ ಹುಟ್ಟುಹಬ್ಬದ ದಿನ ವಿಮೆ ಕಂಪನಿಯಿಂದ ಶುಭಾಶಯ ಬರುತ್ತದೆ. ನೂರು ವರ್ಷ ಬಾಳಿ ಎಂದಿರುತ್ತದೆ. ಮಕ್ಕಳಿಗೇ ಆ ತಾರೀಕು ನೆನಪಿರುವುದಿಲ್ಲ.”

ಹೂವಿನ ದಾರ ಮುಗಿದಿತ್ತು. ಅವರು ಒಳಗೆ ಹೋದರು. ಮೇಷ್ಟ್ರು ಏನೋ ಹೇಳಲು ಹೋಗಿ ಬಿಟ್ಟರು. ವಕೀಲರು ಮಡಿಸಿದ ಪತ್ರಿಕೆಯನ್ನು ಇನ್ನೊಮ್ಮೆ ಮಡಿಸಿದರು.

“ನಿಮ್ಮ ಸಿಂಧನೂರಿನವರಿಗೆ ಫೋನ್ ಹಚ್ಚಿ” ಎಂದ ಸೀನ, ಗಂಟಲು ಸರಿಪಡಿಸಿಕೊಂಡು. “ಹಳೆಯ ನಂಬರನ್ನೇ ಹಾಕಿದ್ದೇನೆ. ಒಟಿಪಿ ಅವರಿಗೆ ಹೋಗುತ್ತದೆ, ಅವರು ಹೇಳಿದರೆ ಮುಗಿಯಿತು. ಹತ್ತು ನಿಮಿಷ ಸಮಯವಿರುತ್ತದೆ.”

ವಕೀಲರು ಇದು ಕ್ರಮವಲ್ಲವೆಂದು ಗೊಣಗುತ್ತಲೇ ಫೋನಿನ ಹತ್ತಿರಕ್ಕೆ ಸರಿದರು.

“ಬಂದಿದೆ ಹಿರಿಯರೇ” ಎಂದಿತು ಅತ್ತಲಿನ ಧ್ವನಿ. “ಆರು ಅಂಕಿ ಬಂದಿದೆ.”

“ಹೇಳಿ, ಬರೆದುಕೊಳ್ಳುತ್ತೇನೆ.”

“ಹೇಗೆ ಹೇಳಲಿ? ಯಾರಿಗೂ ಹೇಳಬಾರದು ಎಂದು ಇದರಲ್ಲೇ ಬರೆದಿದ್ದಾರೆ.”

“ನಾನು ಬೇರೆ ಯಾರೋ ಅಲ್ಲವಲ್ಲ, ಅದು ನನ್ನದೇ!”

“ನಿಮ್ಮದೇ, ಇಲ್ಲವೆನ್ನುವುದಿಲ್ಲ. ಆದರೆ ಈಗ ಮೋಸಗಾರರು ಧ್ವನಿಯನ್ನೂ ಹಾಗೇ ಮಾಡುತ್ತಾರಂತೆ, ಟಿವಿಯಲ್ಲಿ ಹೇಳಿದರು. ನೀವು ಶಾಮಣ್ಣನವರೇ ಆದರೆ ನಿಮ್ಮ ಆಧಾರಿನ ಕೊನೆಯ ನಾಲ್ಕು ಅಂಕಿ ಹೇಳಿ ನೋಡೋಣ.”

ಶಾಮಣ್ಣನ ಮುಖ ಅರಳಿತು. ಒಂದೊಂದನ್ನೇ ಬಿಡಿಸಿ ಬಿಡಿಸಿ ಹೇಳಿದ. ಅತ್ತ ಸ್ವಲ್ಪ ಹೊತ್ತು ಸದ್ದಿಲ್ಲ.

“ಹೇಳಿದಿರಿ. ಆದರೆ ಸರಿಯೋ ತಪ್ಪೋ ತಾಳೆ ನೋಡುವುದಕ್ಕೆ ನನ್ನ ಹತ್ತಿರ ನಿಮ್ಮ ಪೂರ್ತಿ ನಂಬರು ಇರಬೇಕಲ್ಲ? ಅದನ್ನೊಂದು ಕಳಿಸಿಬಿಡಿ, ಕೂಡಲೇ ಒಟಿಪಿ ಹೇಳುತ್ತೇನೆ.”

“ಬುದ್ಧಿವಂತ” ಎಂದರು ಮೇಷ್ಟ್ರು. “ಭತ್ತ ಬಿಟ್ಟು ಸರ್ಕಾರಿ ಕೆಲಸಕ್ಕೆ ಸೇರಬಹುದಿತ್ತು.”

ಸೀನನ ಪರದೆಯಲ್ಲಿ ಸಮಯ ಮೀರಿತು ಎಂಬ ಕೆಂಪು ಅಕ್ಷರ ಮೂಡಿತು. ಮತ್ತೆ ಹೆಸರಿನಿಂದ ಶುರು ಮಾಡಬೇಕೆಂದು ಅವನು ಅಂದದ್ದು ಶಾಮಣ್ಣನಿಗೆ ಕೇಳಿಸಲಿಲ್ಲ. ಫೋನು ಇನ್ನೂ ಮಾತಾಡುತ್ತಿತ್ತು.

“ಅಂದ ಹಾಗೆ ಹಿರಿಯರೇ, ನಿಮ್ಮ ಗ್ಯಾಸ್ ಸಿಲಿಂಡರು ನಾಳೆ ಬರುತ್ತದಂತೆ. ಅದಕ್ಕೂ ಒಂದು ಕೋಡ್ ಬಂದಿದೆ. ಬರೆದುಕೊಳ್ಳಿ, ಇದನ್ನು ಸಿಲಿಂಡರಿನವನಿಗೆ ಹೇಳಿ ಎಂದೇ ಬರೆದಿದ್ದಾರೆ.”