ಕಳಾವರ್ ಗುಲಾಮನ ಹುಟ್ಟೂರು

ಭಾನುವಾರ ಮಧ್ಯಾಹ್ನ. ಹೊರಗೆ ಮಳೆ, ಒಳಗೆ ಕರೆಂಟಿಲ್ಲ. ನಾಲ್ಕು ಜನ ಚಾಪೆ ಹಾಸಿಕೊಂಡು ಇಪ್ಪತ್ತೆಂಟು ಆಡಲು ಕೂತಿದ್ದೆವು. ನಾನು ಮತ್ತು ಗುರು ಒಂದು ಜೋಡಿ. ಪುತ್ತೂರಿನ ಶೀನ ಮತ್ತು ಕನ್ನಡ ಪಾಠ ಹೇಳಿ ರಿಟೈರಾದ ಮೇಷ್ಟ್ರು ಇನ್ನೊಂದು ಜೋಡಿ. ಶೀನ ಹತ್ತೊಂಬತ್ತಕ್ಕೆ ಕೂಗಿ, ತುರುಪಿನ ಎಲೆಯನ್ನು ಕವುಚಿ ಚಾಪೆಯ ಮೇಲಿಟ್ಟ. ಮುಖದಲ್ಲಿ ಆಗಲೇ ಗೆದ್ದವನ ಕಳೆ.

ಮೊದಲ ಎಲೆ ಗುರುವಿನದು. ಅವನು ಕಳಾವರ್ ಗುಲಾಮನನ್ನು ಪಟ್ ಅಂತ ಬಡಿದ. ಬಡಿದು ಸುಮ್ನಿರಬೇಕು ತಾನೆ? "ಕ್ಲಾವರ್ ಬೂರ್!" ಎಂದು ಕೂಗಿದ.

ಗುರು ಮೂರು ವರ್ಷ ನೆದರ್ಲೆಂಡ್ಸಿನ ಐಂಡ್‌ಹೋವನ್‌ನಲ್ಲಿ ಇದ್ದು ಹೋದ ತಿಂಗಳು ಬಂದವನು. ಬಂದಾಗಿನಿಂದ ಕಾಫಿ ಕೊಟ್ಟರೂ ಡಚ್ಚರ ಕಾಫಿ ವಿಷಯ, ಸೈಕಲ್ ಕಂಡರೂ ಡಚ್ಚರ ಸೈಕಲ್ ವಿಷಯ.

ಶೀನನ ಕೈ ಎಲೆಗಳ ಮೇಲೆಯೇ ನಿಂತಿತು. ಎಲೆ ಇಳಿಸುವ ಬದಲು ಕೇಳಿದ, "ಅದೆಂತ ಬೈಗುಳ ಮಾರಾಯ?"

"ಬೈಗುಳ ಅಲ್ಲ ಕಣೋ. ಕಳಾವರ್ ಗುಲಾಮನ ಡಚ್ ಹೆಸರು. ಅಲ್ಲಿ ಗುಲಾಮನಿಗೆ ಬೂರ್ ಅಂತಾರೆ, ಅಂದರೆ ರೈತ. ಕ್ಲಾವರ್ ಅಂದರೆ ಮೂರೆಲೆಯ ಒಂದು ಸೊಪ್ಪು. ದನಕ್ಕೆ ಹಾಕ್ತಾರೆ. ಬೇಕಾದರೆ ಎಲೆ ನೋಡು."

ನಾಲ್ಕೂ ಜನ ಬಗ್ಗಿ ನೋಡಿದೆವು. ಐವತ್ತು ವರ್ಷದಿಂದ ಆಡುತ್ತಿದ್ದೇವೆ. ಅದು ಸೊಪ್ಪು ಎಂದು ಒಬ್ಬರಿಗೂ ಹೊಳೆದಿರಲಿಲ್ಲ. ನಾನಂತೂ ಅದನ್ನು ಒಂದು ಥರ ಮರ ಎಂದೇ ತಿಳಿದಿದ್ದೆ.

"ಹಾಗಾದರೆ ಆಟೀನು?" ಎಂದರು ಮೇಷ್ಟ್ರು.

"ಹಾರ್ಟನ್. ಹೃದಯದ ಗುರುತು. ನಮ್ಮ ಬಾಯಲ್ಲಿ 'ಹ' ಉದುರಿ ಆಟೀನು. ತುರುಪು ಅಂದರೆ ಟ್ರೂಫ್. ಅವರು 1663ರಲ್ಲಿ ಪೋರ್ಚುಗೀಸರಿಂದ ಕೊಚ್ಚಿ ಕಿತ್ತುಕೊಂಡರಲ್ಲ, ನೂರಾ ಮೂವತ್ತು ವರ್ಷ ಅಲ್ಲೇ ಇದ್ದರು. ಮೆಣಸು ತಗೊಂಡು ಹೋದರು, ಇಸ್ಪೀಟು ಬಿಟ್ಟು ಹೋದರು. ಮಲಯಾಳಿಗಳೂ ಕ್ಲಾವರ್ ಅಂತಲೇ ಹೇಳೋದು. ಅವರ ಊರಿನ ಕ್ಲಾವರ್‌ಯಾಸ್ ಆಟದಲ್ಲಿ ತುರುಪಿನ ಗುಲಾಮನೇ ಎಲ್ಲರಿಗಿಂತ ದೊಡ್ಡವನು, ಅವನ ಕೆಳಗೆ ಒಂಬತ್ತು. ಥೇಟ್ ನಮ್ಮ ಆಟ."

ಅಷ್ಟರಲ್ಲಿ ಒಳಗಿನಿಂದ ಈರುಳ್ಳಿ ಬಜ್ಜಿ ಬಂತು. ಗಾಳಿಗೆ ತುರುಪು ಹಾರಿಹೋಗಬಾರದೆಂದು ಮೇಷ್ಟ್ರು ಬಜ್ಜಿ ತಟ್ಟೆಯನ್ನು ಅದರ ಮೇಲೆಯೇ ಇಟ್ಟರು.

"ಇನ್ನೊಂದು ಡಚ್ ಪದ ಇದೆ, ನೀವು ದಿನಾ ಬಳಸೋದು," ಎಂದ ಗುರು. "ತಿನ್ನುವಾಗ ಹೇಳಬಾರದು."

ಹೇಳಬಾರದು ಎಂದ ಮೇಲೆ ಬಿಡುವವರುಂಟೇ? ಹೇಳಿಸಿದೆವು. ಕಕ್ಕಸು. ಡಚ್ಚಿನಲ್ಲಿ 'ಕಕ್‌ಹೌಸ್'. ಹೌಸ್ ಅಂದರೆ ಮನೆ. ಮೊದಲರ್ಧ ಏನು ಎಂದು ಬಿಡಿಸಿ ಹೇಳಬೇಕಿಲ್ಲ. ತಮಿಳಿನ ಕಕ್ಕೂಸೂ ಅಲ್ಲಿಂದಲೇ ಬಂದದ್ದು ಅನ್ನುತ್ತಾರೆ.

ಮೇಷ್ಟ್ರು ಬಜ್ಜಿ ಕೆಳಗಿಟ್ಟರು. "ಒಪ್ಪಲ್ಲ. ಕಕ್ಕ ನಮ್ಮದೇ ಪದ. ಹಾಲು ಕುಡಿಯೋ ಮಗೂಗೆ ಯಾವ ಡಚ್ಚ ಬಂದು ಹೇಳಿಕೊಟ್ಟ?"

"ಕಕ್ಕ ನಿಮ್ಮದೇ ಇಟ್ಕೊಳ್ಳಿ ಮೇಷ್ಟ್ರೇ. 'ಸು' ಅವರದು. ನಾವು ಕಕ್ಕಸುಮನೆ ಅಂತೀವಲ್ಲ, ಅದರಲ್ಲಿ ಮನೆ ಎರಡು ಸಲ ಬಂದಿದೆ."

ಮೇಷ್ಟ್ರು ಇದನ್ನು ಸ್ವಲ್ಪ ಹೊತ್ತು ಯೋಚಿಸಿದರು. ಬಜ್ಜಿ ಮತ್ತೆ ಕೈಗೆ ಬಂತು.

"ಆಟ ಮುಂದುವರಿಸೋಣ್ವಾ?" ಎಂದೆ ನಾನು.

"ಇರು ಮಾರಾಯ, ಎಂತ ಅರ್ಜೆಂಟು?" ಎಂದ ಶೀನ. "ಈ ಡಚ್ ಅನ್ನೋ ಹೆಸರು ಎಲ್ಲಿಂದ ಬಂತು ಗುರು?"

ಶೀನನಿಗೆ ಭಾಷೆಯ ಇತಿಹಾಸದಲ್ಲಿ ಆಸಕ್ತಿ! ನನಗೆ ಆಗಲೇ ಅನುಮಾನ ಬರಬೇಕಿತ್ತು.

"ಅದೊಂದು ಗೊಂದಲ," ಎಂದ ಗುರು. "ಚರ್ಚಿನವರು, ಓದಿದವರು ಲ್ಯಾಟಿನ್ ಆಡ್ತಿದ್ದರು. ಉಳಿದವರು ಆಡೋದು 'ಜನರ ಮಾತು'. ಜನ ಅನ್ನೋ ಹಳೇ ಪದದಿಂದಲೇ ದೀಟ್ಸ್, ಡೌಟ್ಸ್, ಡಚ್, ಡಾಯ್ಚ್ ಎಲ್ಲ ಹುಟ್ಟಿದ್ದು. ಪಕ್ಕದಲ್ಲಿ ಜರ್ಮನರೂ ಅದೇ ಹೆಸರು ಇಟ್ಕೊಂಡರು. ಈಗ ನೆದರ್ಲೆಂಡ್ಸ್‌ನಲ್ಲಿ ಡೌಟ್ಸ್ ಅಂದರೆ ಜರ್ಮನ್! ತಮ್ಮ ಭಾಷೆಗೆ ನೇಡರ್ಲಾಂಡ್ಸ್ ಅಂತಾರೆ, ತಗ್ಗಿನ ನಾಡಿನ ಮಾತು. ಡಚ್ ಅನ್ನೋದು ಇಂಗ್ಲಿಷಿನವರು ಹಳೇ ವಿಳಾಸಕ್ಕೇ ಕಾಗದ ಹಾಕಿದ ಹಾಗೆ. ಅವರ ರಾಷ್ಟ್ರಗೀತೆಯಲ್ಲಿ ರಾಜಕುಮಾರ ವಿಲಿಯಂ ಇವತ್ತಿಗೂ 'ನಾನು ಡೌಟ್ಸ್ ರಕ್ತದವನು' ಅಂತಾನೆ. ಜರ್ಮನಿ ಜೊತೆ ಫುಟ್‌ಬಾಲ್ ಮ್ಯಾಚ್ ಇದ್ದಾಗಲೂ ಹಾಡಲೇಬೇಕು."

"ಹಾಗಾದರೆ ಅದು ಕೆಟ್ಟುಹೋದ ಜರ್ಮನ್ನಾ?" ಎಂದೆ.

"ಅಲ್ಲಿ ಹೀಗೆ ಕೇಳಿದರೆ ಕಾಲುವೆಗೆ ತಳ್ತಾರೆ. ಎರಡಕ್ಕೂ ಬೇರು ಒಂದೇ. ಡಚ್ ಬಂದದ್ದು ಫ್ರಾಂಕರು ಅನ್ನೋ ಬುಡಕಟ್ಟಿನ ಮಾತಿಂದ. ಆಮೇಲೆ ದಕ್ಷಿಣದ ಗುಡ್ಡದ ಕಡೆಯ ಜರ್ಮನರ ಬಾಯಲ್ಲಿ ಅಕ್ಷರಗಳು ಜಾರಿದವು. ನೀರಿಗೆ ವಾಟರ್ ಅನ್ನೋದು ವಾಸರ್ ಆಯ್ತು. ಆಪೆಲ್ ಹೋಗಿ ಆಪ್ಫೆಲ್. ಡಾರ್ಪ್ ಅಂದರೆ ಹಳ್ಳಿ, ಅದು ಡಾರ್ಫ್. ತಗ್ಗಿನವರು ಜಾರಲಿಲ್ಲ, ಹಳೇದನ್ನೇ ಹಿಡ್ಕೊಂಡರು."

ಮೇಷ್ಟ್ರ ಕಣ್ಣು ಹೊಳೆಯಿತು. ಎರಡೂ ಕೈ ಎತ್ತಿದರು. ಎಲೆಗಳೆಲ್ಲ ನಮಗೆ ಕಂಡವು. "ಅಯ್ಯೋ, ಇದು ನಮ್ಮ ಪಾಲು-ಹಾಲು! ಹಳಗನ್ನಡದಲ್ಲಿ ಪಾಲ್, ಪೂ, ಪುಲಿ. ಆಮೇಲೆ ಹಾಲು, ಹೂ, ಹುಲಿ. ತಮಿಳರು ಇವತ್ತಿಗೂ ಪಾಲ್ ಅಂತಲೇ ಕುಡೀತಾರೆ. ಅಂದರೆ ಜರ್ಮನರು ಕನ್ನಡದವರ ಹಾಗೆ, ಡಚ್ಚರು ತಮಿಳರ ಹಾಗೆ."

ಗುರು ಮೂರು ವರ್ಷದಲ್ಲಿ ಕಲಿತದ್ದನ್ನು ಮೇಷ್ಟ್ರು ಒಂದು ಬಜ್ಜಿಯಲ್ಲಿ ಮುಗಿಸಿದರು. ಆಮೇಲೆ ಕೇಳಿದರು, "ಅವರಿಗೆ ಶಾಸನ ಇದೆಯಾ? ನಮಗೆ ಹಲ್ಮಿಡಿ ಇದ್ದ ಹಾಗೆ?"

"ಶಾಸನ ಬೇಡ, ಪೆನ್ನಿನ ಕಥೆ ಕೇಳಿ. 1932ರಲ್ಲಿ ಆಕ್ಸ್‌ಫರ್ಡಿನಲ್ಲಿ ಹಳೇ ಇಂಗ್ಲಿಷಿನ ಒಂದು ಪುಸ್ತಕ ತೆಗೆದು ನೋಡ್ತಾರೆ. ಕೊನೆಯ ಹಾಳೆಯಲ್ಲಿ ಯಾರೋ ಗೀಚಿದ್ದಾರೆ. ಸುಮಾರು 1100ರ ಹೊತ್ತಿಗೆ ಇಂಗ್ಲೆಂಡಿನ ರಾಚೆಸ್ಟರ್ ಮಠದಲ್ಲಿದ್ದ ಒಬ್ಬ ಸನ್ಯಾಸಿ. ಹೊಸ ಗರಿ ಕೊರೆದುಕೊಂಡು, ಬರೀತದಾ ಇಲ್ವಾ ನೋಡೋಣ ಅಂತ ಬರೆದದ್ದು."

"ನಾವು ಅಂಗಡೀಲಿ ಹೊಸ ಪೆನ್ನಿನಲ್ಲಿ 'ಶ್ರೀ' ಅಂತ ಬರೀತೀವಲ್ಲ, ಹಾಗೆ," ಎಂದೆ.

"ಇವನು ಶ್ರೀ ಬರೀಲಿಲ್ಲ. 'ಹೆಬ್ಬನ್ ಒಲ್ಲ ವೊಗಲ ನೆಸ್ತಸ್ ಹಗುನ್ನನ್ ಹಿನಸೆ ಹಿಕ್ ಎಂದ ಥು' ಅಂತ ಬರೆದ."

"ಯಾರಿಗೆ ಥೂ ಎಂದ?" ಎಂದ ಶೀನ.

"ಥು ಅಂದರೆ ನೀನು ಕಣೋ. ಎಂದ ಅಂದರೆ ಮತ್ತು. ಹಕ್ಕಿಗಳೆಲ್ಲ ಗೂಡು ಕಟ್ಟೋಕೆ ಶುರು ಮಾಡಿವೆ, ನಾನು ಮತ್ತು ನೀನು ಬಿಟ್ಟು. ಇನ್ನೂ ಯಾತಕ್ಕೆ ಕಾಯ್ತಿದ್ದೀವಿ? ಇಷ್ಟು."

ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಮಠದಲ್ಲಿ ಕೂತ ಸನ್ಯಾಸಿ, ಮದುವೆಯಿಲ್ಲ ಮನೆಯಿಲ್ಲ, ಪೆನ್ನು ಪರೀಕ್ಷೆಗೆ ಬರೆದ ಮಾತು ಇದು. ಪಕ್ಕದಲ್ಲೇ ಲ್ಯಾಟಿನ್ನಿಗೂ ಅನುವಾದ ಮಾಡಿಟ್ಟಿದ್ದಾನಂತೆ. ಅದು ಡಚ್ಚೇ ಅಲ್ಲ, ಹಳೇ ಇಂಗ್ಲಿಷ್ ಎಂದು ಜಗಳ ತೆಗೆದ ಪಂಡಿತರೂ ಇದ್ದಾರೆ. ಇದಕ್ಕಿಂತ ಹಳೆಯ ಮಾತು ಫ್ರಾಂಕರ 6ನೇ ಶತಮಾನದ ಕಾನೂನಿನಲ್ಲಿ ಸಿಗುತ್ತದೆ. ಜೀತದವನಿಗೆ 'ನಿನ್ನನ್ನು ಬಿಟ್ಟಿದ್ದೇನೆ' ಎಂದು ಹೇಳುವ ವಾಕ್ಯ. ಆದರೂ ಶಾಲೆಯ ಮಕ್ಕಳಿಗೆ ಬಾಯಿಪಾಠ ಇರುವುದು ಹಕ್ಕಿಯ ಸಾಲೇ.

"ಆ 'ಥು' ಆಮೇಲೆ 'ದು' ಆಗಿ ಸತ್ತೇ ಹೋಯ್ತು," ಎಂದ ಗುರು. "ಎಲ್ಲರಿಗೂ ಮರ್ಯಾದೆ ಕೊಡೋಕೆ ಹೋಗಿ ಎಲ್ಲರನ್ನೂ 'ನೀವು' ಅಂದರು. ಎಲ್ಲರೂ ನೀವು ಆದಮೇಲೆ ನೀವಿಗೆ ಬೆಲೆ ಎಲ್ಲಿ? ಅದೇ ಸವೆದು 'ಯೈ' ಆಯ್ತು, ಅಂದರೆ ನೀನು. ಈಗ ನಾಲ್ಕು ಜನ ಇದ್ದರೆ ಏನನ್ನೋದು? 'ನೀವು ಜನಗಳು' ಅನ್ನೋದನ್ನ ಒತ್ತಿ ಒತ್ತಿ 'ಯುಲ್ಲಿ' ಮಾಡಿದರು. ಮರ್ಯಾದೆಗೆ ಮತ್ತೆ ಬೇರೆ, ತುಟಿ ಚೂಪು ಮಾಡಿ 'ಉ'."

"ನಮ್ಮ ಆಫೀಸಿನಲ್ಲಿ ಎಲ್ಲರಿಗೂ ಮ್ಯಾನೇಜರ್ ಅಂತ ಬೋರ್ಡು ಕೊಟ್ಟ ಹಾಗೆ," ಎಂದೆ. ಯಾರೂ ನಗಲಿಲ್ಲ.

"ಬೈಗುಳ ಹೇಗೆ?" ಶೀನನ ಮುಂದಿನ ಪ್ರಶ್ನೆ.

"ರೋಗದ ಹೆಸರು. ಟೈಫಸ್, ಕ್ಷಯ, ಕಾಲರಾ, ಪ್ಲೇಗು."

"ನಮ್ಮಜ್ಜಿ 'ದೊಡ್ಡ ರೋಗ ಬರ' ಅಂತ ಬೈತಿದ್ದಳು," ಎಂದರು ಮೇಷ್ಟ್ರು. "ಅವಳನ್ನ ಅಲ್ಲಿ ಬಿಟ್ಟಿದ್ದರೆ ಒಂದು ವಾರದಲ್ಲಿ ಕಲೀತಿದ್ದಳು."

ಗುರುವಿಗೆ ಹುಮ್ಮಸ್ಸು ಬಂತು. "ಪಂಡಿತರ ಕಥೆ ಕೇಳಿ. ಈಗ ಬೆಲ್ಜಿಯಂನಲ್ಲಿರೋ ಆಂಟ್‌ವರ್ಪಿನಲ್ಲಿ ಗೊರೋಪಿಯಸ್ ಬೆಕಾನಸ್ ಅಂತ ಒಬ್ಬ ವೈದ್ಯ. 1569ರಲ್ಲಿ ದಪ್ಪ ಪುಸ್ತಕ ಬರೆದ. ಪ್ರಪಂಚದ ಮೊದಲ ಭಾಷೆ ಯಾವುದು? ನಮ್ಮೂರಿನದೇ. ಏಡನ್ ತೋಟದಲ್ಲಿ ಆಡಮ್ ಆಡಿದ್ದು ಆಂಟ್‌ವರ್ಪಿನ ಮಾತು. ಆಡಮ್ ಅಂದರೆ 'ಹಾತ್-ದಾಮ್', ದ್ವೇಷಕ್ಕೆ ಅಡ್ಡಲಾಗಿ ಕಟ್ಟಿದ ಒಡ್ಡು."

"ಡಚ್ಚರಿಗೆ ಒಡ್ಡು ಬಿಟ್ಟು ಬೇರೆ ಏನೂ ಹೊಳೆಯಲ್ವಾ?"

"ಆಮೇಲೆ ಜರ್ಮನ್ ತತ್ವಜ್ಞಾನಿ ಲೈಬ್‌ನಿಟ್ಸ್ ಅವನ ಹೆಸರಿನಿಂದ ಒಂದು ಕ್ರಿಯಾಪದವನ್ನೇ ಮಾಡಿದ. ಗೊರೋಪಿಸೋದು ಅಂದರೆ ಪದದ ಮೂಲ ಅಂತ ಬಾಯಿಗೆ ಬಂದದ್ದು ಹೇಳೋದು."

ನಾನು ಮೇಷ್ಟ್ರ ಕಡೆ ನೋಡಲಿಲ್ಲ. ಅಮೆರಿಕ ಅನ್ನುವುದು 'ಅಮರಿಕೆ' ಎಂದು ಅವರು ಹೋದ ಭಾನುವಾರವಷ್ಟೇ ಸಾಧಿಸಿದ್ದರು.

"ನಗಬೇಡಿ," ಎಂದ ಗುರು. "ಹದಿನೈದೇ ವರ್ಷದ ಮೇಲೆ, 1584ರಲ್ಲಿ, ಡಚ್ಚಿನ ಮೊದಲ ವ್ಯಾಕರಣ ಅಚ್ಚಾಯ್ತು. ಆಮ್‌ಸ್ಟರ್‌ಡ್ಯಾಮಿನ ಒಂದು ಸಾಹಿತ್ಯ ಕೂಟದವರು ಬರೆದದ್ದು. ಹೆಸರು 'ಟ್ವೇ-ಸ್ಪ್ರಾಕ್', ಅಂದರೆ ಇಬ್ಬರ ಮಾತು. ಇಬ್ಬರು ಗೆಳೆಯರು ಕೂತು ಮಾತಾಡ್ತಾ ಮಾತಾಡ್ತಾ ವ್ಯಾಕರಣ ಮುಗಿಸ್ತಾರೆ."

"ಹರಟೆ ಹೊಡ್ದು ವ್ಯಾಕರಣವಾ!" ಎಂದರು ಮೇಷ್ಟ್ರು. ನಲವತ್ತು ವರ್ಷ ಕೇಶಿರಾಜನ ಸೂತ್ರ ಉರು ಹೊಡೆಸಿದವರು ಅವರು. ದನಿಯಲ್ಲಿ ಹೊಟ್ಟೆಯುರಿ ಇತ್ತು.

"ಮರುವರ್ಷ ಸ್ಪೇನಿನವರು ಆಂಟ್‌ವರ್ಪ್ ಹಿಡಿದರು. ನಾಲ್ಕೇ ವರ್ಷದಲ್ಲಿ ಊರು ಅರ್ಧ ಖಾಲಿ. ವ್ಯಾಪಾರಿ, ಮುದ್ರಕ, ಮೇಷ್ಟ್ರು ಎಲ್ಲ ಗಂಟುಮೂಟೆ ಕಟ್ಟಿ ಉತ್ತರಕ್ಕೆ ಬಂದರು. ಓಡಿ ಬಂದವರ ಮಾತು, ಅಲ್ಲಿದ್ದವರ ಮಾತು ಬೆರೆತು ಪುಸ್ತಕದ ಡಚ್ ತಯಾರಾಯ್ತು. 1637ರ ಬೈಬಲ್ ಅನುವಾದ ಅದನ್ನ ಗಟ್ಟಿ ಮಾಡಿತು. ದಕ್ಷಿಣದಿಂದ ಬಂದ ಸೈಮನ್ ಸ್ಟೆವಿನ್ ಗಣಿತಕ್ಕೂ ಲ್ಯಾಟಿನ್ ಬೇಡ ಅಂದ. ಯುರೋಪಿನಲ್ಲಿ ಹೆಚ್ಚಿನ ಕಡೆ ಮ್ಯಾಥಮ್ಯಾಟಿಕ್ಸ್ ಥರದ ಪದ, ಅಲ್ಲಿ 'ವಿಸ್‌ಕುಂಡ'. ಗಟ್ಟಿಯಾಗಿ ಗೊತ್ತಿರೋದರ ವಿದ್ಯೆ."

ಬೆಲ್ಜಿಯಂನ ಉತ್ತರ ಭಾಗದಲ್ಲೂ ಡಚ್ಚೇ. ಆದರೆ ಅಲ್ಲಿ ಆಗ ದೊಡ್ಡವರ ಭಾಷೆ ಫ್ರೆಂಚ್ ಆಗಿತ್ತು. ಡಚ್ಚಿನಲ್ಲೇ ಕಲಿಸುವ ವಿಶ್ವವಿದ್ಯಾಲಯ ಖೆಂಟ್ ಊರಿನಲ್ಲಿ ಸಿಕ್ಕಿದ್ದು 1930ರಲ್ಲಿ. 1968ರ ಗಲಾಟೆಯ ನಂತರ ಲೂವನ್ ವಿಶ್ವವಿದ್ಯಾಲಯವೇ ಎರಡು ಹೋಳಾಯಿತು. ಲೈಬ್ರರಿ ಹಂಚಿದ್ದು ಹೇಗೆ? ಪುಸ್ತಕದ ನಂಬರು ಬೆಸ ಇದ್ದರೆ ಇಲ್ಲಿ, ಸಮ ಇದ್ದರೆ ಅಲ್ಲಿ. ಇದನ್ನು ಕೇಳಿ ಮೇಷ್ಟ್ರು ಎದೆ ಹಿಡಿದುಕೊಂಡರು.

"ಕೊನೇದು," ಎಂದ ಗುರು. "ಅವರ ದೋಸೆ."

ಡಚ್ಚರಿಗೂ ಒಂದು ದೋಸೆ ಉಂಟು. ಹಿಟ್ಟು, ಹಾಲು, ಮೊಟ್ಟೆ. ಹೆಸರು ಪಾನ್ನ-ಕೂಕ್. ಪಾನ್ ಅಂದರೆ ಕಾವಲಿ. ಎಲ್ಲರೂ ನೆಮ್ಮದಿಯಾಗಿ ತಿನ್ನುತ್ತಿದ್ದರು. 1995ರಲ್ಲಿ ಕಾಗುಣಿತದ ಸಮಿತಿ ನಡುವೆ ಒಂದು 'ನ್' ಸೇರಿಸಿತು. ಪಾನ್ನನ್-ಕೂಕ್. ಕಾವಲಿಯ ಬಹುವಚನ ಪಾನ್ನನ್, ಅದಕ್ಕೆ. ಹೆಚ್ಚಿನವರು ಬಾಯಲ್ಲಿ ಹೇಳದ ಅಕ್ಷರ ಅದು.

"ಒಂದು ದೋಸೆಗೆ ಎಷ್ಟು ಕಾವಲಿ ಬೇಕು ಮಾರಾಯ?" ಎಂದ ಶೀನ.

"ಅಲ್ಲಿನವರೂ ಇದನ್ನೇ ಕೇಳಿದ್ದು! ಕುದುರೆ-ಹೂ ಅಂತ ಒಂದು ಹೂವಿದೆ. ಅದಕ್ಕೆ 'ನ್' ಬೇಡ, ವಿನಾಯಿತಿ ಅಂದರು. 2005ರಲ್ಲಿ ಅದಕ್ಕೂ ಹಾಕಿದರು. ಸರ್ಕಾರದ ಕಾಗುಣಿತಕ್ಕೆ ಹಸಿರು ಪುಸ್ತಕ ಅಂತ ಹೆಸರು. ಪತ್ರಿಕೆಯವರು ರೇಗಿ ತಾವೇ ಒಂದು ಬಿಳಿ ಪುಸ್ತಕ ಮಾಡ್ಕೊಂಡರು."

"ನಿಘಂಟು?" ಎಂದ ಶೀನ. ಅವನು ಇದನ್ನು ಕೇಳಿದಾಗ ನಾನು ನಿಜಕ್ಕೂ ಗಾಬರಿಯಾದೆ.

"1851ರಲ್ಲಿ ಶುರು ಮಾಡಿ 1998ರಲ್ಲಿ ಮುಗಿಸಿದರು."

ಮೇಷ್ಟ್ರು ಬೆರಳು ಮಡಚಿ ಲೆಕ್ಕ ಹಾಕಿದರು. "ನೂರಾ ನಲವತ್ತೇಳು ವರ್ಷ! ನಮ್ಮ ಪರಿಷತ್ತಿನ ನಿಘಂಟು ತಡ ಆಯ್ತು ಅಂತ ನಾನು ಎಷ್ಟು ಜನಕ್ಕೆ ಬೈದಿದ್ದೆ."

ಕರೆಂಟು ಬಂತು. ಫ್ಯಾನು ತಿರುಗಿತು. ಗುರು ಚಾಪೆಯ ಮೇಲೆ ಒಂದು ಗಂಟೆಯಿಂದ ಅಂಗಾತ ಬಿದ್ದಿದ್ದ ಕಳಾವರ್ ಗುಲಾಮನನ್ನು ತಟ್ಟಿದ. "ಹಾಕೋ ಶೀನ, ನಿನ್ನ ಎಲೆ."

"ತುರುಪು ಯಾವುದು ಅಂತ ನೋಡಿಕೊಳ್ತೇನೆ," ಎಂದು ಶೀನ ಕೈ ಚಾಚಿದ. ಎಲೆ ಇರಲಿಲ್ಲ. ತಟ್ಟೆಯೂ ಇರಲಿಲ್ಲ. ಮೇಷ್ಟ್ರು ಎದ್ದು ಚಾಪೆ ಕೊಡವಿದರು. ಒಳಗೆ ನಲ್ಲಿ ಬಿಟ್ಟ ಸದ್ದು ಕೇಳಿಸಿತು.

"ರೀ, ಬಜ್ಜಿ ತಟ್ಟೆ ತಳಕ್ಕೆ ಇಸ್ಪೀಟೆಲೆ ಅಂಟಿದೆ," ಎಂದು ನನ್ನ ಹೆಂಡತಿ ಅಡಿಗೆಮನೆಯಿಂದ ಕೂಗಿದಳು. "ಕಳಾವರ್ ಏಳು. ಬೇಕಾ, ಬಿಸಾಕ್ಲಾ?"

ನಾನು ಚಾಪೆಯ ಮೇಲಿದ್ದ ಕಳಾವರ್ ಗುಲಾಮನನ್ನು ನೋಡಿದೆ. ಆಮೇಲೆ ಶೀನನನ್ನು ನೋಡಿದೆ. ಅವನು ಗುರುವಿನ ಕಡೆ ತಿರುಗಿ ಮೆಲ್ಲಗೆ ಕೇಳಿದ, "ಆ ಗಣಿತದ ಪದ ಎಂತದು ಹೇಳಿದ್ದು ನೀನು, ವಿಸ್...?"